ಎರಡು ಚಂದ್ರರ ನಾಡಿಗೊಂದು ಪಂಚಾಂಗ: ಕಲ್ಪನಾಲೋಕದ ಕಾಲಗಣನೆಯನ್ನು ಕಟ್ಟುವ ಸಮಗ್ರ ಮಾರ್ಗದರ್ಶಿ

ಶಿಡ್ಲಘಟ್ಟದ ಆಸುಪಾಸಿನಲ್ಲಿ ರೇಷ್ಮೆಹುಳು ಸಾಕುವ ಮನೆಯವರನ್ನು ಮದುವೆಯ ಮಾತುಕತೆಗೆ ಯಾವಾಗ ಬರಬಹುದೆಂದು ಕೇಳಿದರೆ, ಅವರು ತಾರೀಖು ಹೇಳುವುದಕ್ಕೆ ಮೊದಲು ಹುಳುವಿನ ಲೆಕ್ಕ ಹೇಳುತ್ತಾರೆ: ‘ಈಗ ಎರಡನೇ ಜ್ವರ ಎದ್ದಿದೆ, ಹುಳು ಹಣ್ಣಾಗಿ, ಗೂಡು ಬಿಡಿಸಿ, ಮಾರ್ಕೆಟ್ಟಿಗೆ ಹಾಕಿ ಬಂದ ಮೇಲೆ ಬನ್ನಿ.’ ಹುಳು ಮೇವು ಬಿಟ್ಟು, ತಲೆ ಎತ್ತಿ ನಿಂತು ಪೊರೆ ಕಳಚುವ ಹೊತ್ತಿಗೆ ನಮ್ಮ ಕಡೆ ಜ್ವರವೆಂದು ಹೆಸರು. ಅಂಥ ನಾಲ್ಕು ಜ್ವರಗಳನ್ನು ದಾಟಿ ಐದನೆಯ ಪ್ರಾಯಕ್ಕೆ ಬಂದ ಹುಳು ವಾರದ ಮಟ್ಟಿಗೆ ಬಕಾಸುರನಂತೆ ಸೊಪ್ಪು ತಿಂದು, ಗೂಡು ಕಟ್ಟುವುದಕ್ಕೆಂದು ಇಟ್ಟ ಬಿದಿರಿನ ಚಂದ್ರಿಕೆ ಏರುತ್ತದೆ. ಇಡೀ ಬೆಳೆ ಒಂದು ತಿಂಗಳಿಗಿಂತ ಸ್ವಲ್ಪ ಕಡಿಮೆ ಅವಧಿಯದು. ಗೋಡೆಯ ಮೇಲೆ ಕ್ಯಾಲೆಂಡರ್ ತೂಗುತ್ತಿದ್ದರೂ ಆ ಮನೆಯ ನಿಜವಾದ ಕ್ಯಾಲೆಂಡರ್ ತಟ್ಟೆಯ ಮೇಲಿನ ಹುಳುಗಳೇ.

ಕಥೆ, ಕಾದಂಬರಿ ಅಥವಾ ಆಟಕ್ಕಾಗಿ ಹೊಸ ಲೋಕವೊಂದನ್ನು ಕಟ್ಟುವವರು ಸಾಮಾನ್ಯವಾಗಿ ಹನ್ನೆರಡು ಗಂಭೀರ ಹೆಸರುಗಳನ್ನು ಹುಡುಕಿ, ಒಂದೊಂದಕ್ಕೂ ಮೂವತ್ತು ದಿನ ಹಂಚಿ, ಪಂಚಾಂಗ ಮುಗಿಯಿತೆಂದು ಕೈತೊಳೆದುಕೊಳ್ಳುತ್ತಾರೆ. ನಾನೂ ಮೊದಲ ಸಲ ಹಾಗೆಯೇ ಮಾಡಿದ್ದೆ. ನನ್ನ ಕಥೆಯಲ್ಲಿ ಹುಣ್ಣಿಮೆಯ ರಾತ್ರಿ ಮನೆ ಬಿಟ್ಟ ಹುಡುಗಿ ಹನ್ನೊಂದು ದಿನ ನಡೆದು ಮತ್ತೊಂದು ಹುಣ್ಣಿಮೆಯ ಬೆಳಕಿನಲ್ಲಿ ಕೋಟೆ ಸೇರಿದ್ದಳು. ಹಸ್ತಪ್ರತಿ ಓದಿದ ರೇಷ್ಮೆ ರೈತರೊಬ್ಬರು ‘ಅಷ್ಟರಲ್ಲಿ ಮೂರನೇ ಜ್ವರವೂ ಏಳುವುದಿಲ್ಲವಲ್ಲ’ ಎಂದು ನಕ್ಕಾಗ ನನ್ನ ಪಂಚಾಂಗದಲ್ಲಿ ಹೆಸರುಗಳ ಹೊರತು ಬೇರೇನೂ ಇಲ್ಲವೆಂಬುದು ತಿಳಿಯಿತು. ಆ ಬಳಿಕ ನಾನು ಅನುಸರಿಸುತ್ತಿರುವ ಕ್ರಮವನ್ನು ಇಲ್ಲಿ ಒಂದೇ ಉದಾಹರಣೆಯ ಮೂಲಕ ವಿವರಿಸುತ್ತೇನೆ. ಇದಕ್ಕೆ ಬೇಕಾಗುವುದು ಒಂದು ನೋಟ್‌ಬುಕ್ಕು, ಸಾಧ್ಯವಿದ್ದರೆ ಎಕ್ಸೆಲ್ ಹಾಳೆ ಮತ್ತು ಗ್ರಂಥಿಗೆ ಅಂಗಡಿಯಲ್ಲಿ ಸಿಗುವ ಈ ವರ್ಷದ ಪಂಚಾಂಗ.

ಮೊದಲ ಹಂತ: ಜನ ಏನಕ್ಕಾಗಿ ಕಾಯುತ್ತಾರೆ?

ಆಕಾಶಕ್ಕೆ ಹೋಗುವ ಮೊದಲು ನೆಲವನ್ನು ನೋಡಬೇಕು. ವರ್ಷವಿಡೀ ತುಂಬಿ ಹರಿಯುವ ನದಿಯಿಲ್ಲದ ಕೋಲಾರ ಮತ್ತು ಚಿಕ್ಕಬಳ್ಳಾಪುರ ಜಿಲ್ಲೆಗಳಲ್ಲಿ ಜನ ಮಳೆಗೆ ಕಾಯುತ್ತಾರೆ, ಕೆರೆ ಕೋಡಿ ಬೀಳುವುದಕ್ಕೆ ಕಾಯುತ್ತಾರೆ, ಶ್ರೀನಿವಾಸಪುರದಲ್ಲಾದರೆ ಮಾವು ಬಲಿಯುವುದಕ್ಕೆ ಕಾಯುತ್ತಾರೆ. ಪಾಲಾರ್, ಪಿನಾಕಿನಿ, ಅರ್ಕಾವತಿ, ಚಿತ್ರಾವತಿಗಳು ನಂದಿಬೆಟ್ಟದ ಸೀಮೆಯಲ್ಲೇ ಹುಟ್ಟಿದರೂ ಇಲ್ಲಿ ನಿಲ್ಲದೆ ಹೋಗುವುದರಿಂದ, ನಿಂತ ನೀರನ್ನು ಪಾಲು ಹಾಕುವ ನೀರುಗಂಟಿಯ ಎಣಿಕೆಯೇ ಊರಿನ ಎಣಿಕೆಯಾಗಿತ್ತು. ನಿಮ್ಮ ಲೋಕದ ಜನರೂ ಇಂಥ ಮೂರು ಅಥವಾ ನಾಲ್ಕು ಕಾಯುವಿಕೆಗಳನ್ನು ಹೊಂದಿರಬೇಕು. ಅವುಗಳಲ್ಲಿ ಒಂದು ವರ್ಷಕ್ಕೊಮ್ಮೆ, ಒಂದು ತಿಂಗಳ ಆಸುಪಾಸಿನಲ್ಲಿ, ಒಂದು ಕೆಲವೇ ದಿನಗಳಿಗೊಮ್ಮೆ ಬರುವಂಥದ್ದಾಗಿರಲಿ.

ನಮ್ಮ ಉದಾಹರಣೆಯ ನಾಡಿಗೆ ಏಳ್ಕೆರೆ ಎಂದು ಹೆಸರಿಡೋಣ. ಅಲ್ಲಿ ನದಿಯಿಲ್ಲ, ಒಂದರ ಕೋಡಿ ಇನ್ನೊಂದಕ್ಕೆ ಹರಿಯುವ ಏಳು ಕೆರೆಗಳಿವೆ. ಜನ ನೂಲುಹುಳು ಸಾಕುತ್ತಾರೆ, ಮಳೆಯಾಶ್ರಯದಲ್ಲಿ ಧಾನ್ಯ ಬೆಳೆಯುತ್ತಾರೆ, ಸಂತೆಯಲ್ಲಿ ಮಾರುತ್ತಾರೆ. ಕೋಡಿ, ಹುಳು, ಸಂತೆ ಎಂಬ ಈ ಮೂರೂ ಕ್ರಮವಾಗಿ ವರ್ಷ, ತಿಂಗಳು, ವಾರಗಳಾಗಲಿವೆ.

ಎರಡನೆಯ ಹಂತ: ಆಕಾಶದ ಅಂಕಿಗಳು

ನಮ್ಮ ಭೂಮಿಯಲ್ಲಿ ಋತುಗಳ ವರ್ಷಕ್ಕೆ ಸುಮಾರು 365.2422 ದಿನ, ಒಂದು ಅಮಾವಾಸ್ಯೆಯಿಂದ ಇನ್ನೊಂದು ಅಮಾವಾಸ್ಯೆಗೆ ಸರಾಸರಿ 29.53 ದಿನ. ಹನ್ನೆರಡು ಚಾಂದ್ರಮಾಸ ಸೇರಿದರೆ 354.37 ದಿನವಾಗುತ್ತದೆಯೇ ಹೊರತು ವರ್ಷ ತುಂಬುವುದಿಲ್ಲ, ಸುಮಾರು 10.9 ದಿನ ಉಳಿಯುತ್ತದೆ. ಜಗತ್ತಿನ ಪಂಚಾಂಗಗಳ ಚರಿತ್ರೆಯೆಲ್ಲ ಈ ಉಳಿಕೆಯನ್ನು ಏನು ಮಾಡಬೇಕೆಂಬ ಜಗಳದ ಚರಿತ್ರೆಯೆಂದರೂ ನಡೆದೀತು. ಆದ್ದರಿಂದ ನಿಮ್ಮ ಲೋಕಕ್ಕೂ ಸರಿಯಾಗಿ ಭಾಗವಾಗದ ಅಂಕಿಗಳನ್ನೇ ಕೊಡಿ. 360 ದಿನದ ವರ್ಷ, 30 ದಿನದ ಚಂದ್ರ ಎಂದು ಹಾಕಿಕೊಂಡರೆ ಲೆಕ್ಕ ಸುಲಭವಾಗುತ್ತದೆ, ಆದರೆ ಪುರೋಹಿತರಿಗೆ ಕೆಲಸವಿಲ್ಲದಂತಾಗುತ್ತದೆ, ಕಥೆಗಾರನಿಗೂ ಅಷ್ಟೇ.

ಏಳ್ಕೆರೆಯ ವರ್ಷ 342.4 ದಿನ. ಅಲ್ಲಿ ಎರಡು ಚಂದ್ರರಿದ್ದಾರೆ. ಜನ ಅವರನ್ನು ಜೋಡೆತ್ತುಗಳೆಂದು ಭಾವಿಸಿ ಬಿಳಿಯದನ್ನು ಬೆಳ್ಳ ಎಂದೂ ಕೆಂಪನೆಯ ಚಿಕ್ಕದನ್ನು ಕೆಂಚ ಎಂದೂ ಕರೆಯುತ್ತಾರೆ. ಬೆಳ್ಳನ ಹುಣ್ಣಿಮೆಯಿಂದ ಹುಣ್ಣಿಮೆಗೆ 28.4 ದಿನ, ಕೆಂಚನದು 21.2 ದಿನ. ಇಲ್ಲಿ ಎಡವುವವರು ಬಹಳ ಮಂದಿ: ಹುಣ್ಣಿಮೆಯಿಂದ ಹುಣ್ಣಿಮೆಗೆ ಆಗುವ ಅವಧಿಯೂ ಚಂದ್ರ ಒಂದು ಸುತ್ತು ಮುಗಿಸುವ ಅವಧಿಯೂ ಒಂದೇ ಅಲ್ಲ. ಚಂದ್ರ ಸುತ್ತುವಷ್ಟರಲ್ಲಿ ಭೂಮಿಯೂ ಸೂರ್ಯನ ಸುತ್ತ ಮುಂದೆ ಸರಿದಿರುವುದರಿಂದ ನಮ್ಮ ಚಂದ್ರ 27.32 ದಿನದಲ್ಲಿ ಸುತ್ತು ಮುಗಿಸಿದರೂ ಹುಣ್ಣಿಮೆಗೆ ಇನ್ನೂ ಎರಡು ದಿನ ಹೆಚ್ಚು ಬೇಕಾಗುತ್ತದೆ. ನಿಮ್ಮ ಚಂದ್ರನ ಸುತ್ತಿನ ಅವಧಿ ಬೇಕಿದ್ದರೆ, ಒಂದನ್ನು ಹುಣ್ಣಿಮೆಯ ಅವಧಿಯಿಂದ ಭಾಗಿಸಿ, ಒಂದನ್ನು ವರ್ಷದಿಂದ ಭಾಗಿಸಿ, ಎರಡನ್ನೂ ಕೂಡಿಸಿ, ಆ ಮೊತ್ತದಿಂದ ಮತ್ತೆ ಒಂದನ್ನು ಭಾಗಿಸಿ. ಬೆಳ್ಳನಿಗೆ 26.22 ದಿನ, ಕೆಂಚನಿಗೆ 19.96 ದಿನ ಬರುತ್ತದೆ. ಕೆಪ್ಲರನ ಮೂರನೆಯ ನಿಯಮದಂತೆ ಸುತ್ತಿನ ಅವಧಿಯ ವರ್ಗ ದೂರದ ಘನಕ್ಕೆ ಅನುಪಾತದಲ್ಲಿರುವುದರಿಂದ, ಬೆಳ್ಳ ಕೆಂಚನಿಗಿಂತ 1.2 ಪಟ್ಟು ದೂರದಲ್ಲಿರುತ್ತಾನೆ. ಇಷ್ಟು ಹತ್ತಿರದ ದಾರಿಗಳಲ್ಲಿ ನಡೆಯುವ ಇಬ್ಬರೂ ನಮ್ಮ ಚಂದ್ರನಿಗಿಂತ ಬಹಳ ಹಗುರವಾಗಿರಬೇಕು. ಬೆಳ್ಳ ನಮ್ಮ ಚಂದ್ರನಷ್ಟೇ ತೂಕದವನಾದರೆ ಅವನ ಸೆಳೆತಕ್ಕೆ ಸಿಕ್ಕ ಕೆಂಚ ತನ್ನ ದಾರಿಯಲ್ಲಿ ಬಹುಕಾಲ ನಿಲ್ಲಲಾರ. ಓದುಗರಿಗೆ ಇದನ್ನೆಲ್ಲ ಹೇಳಬೇಕಾಗಿಲ್ಲ, ಬರೆಯುವವರಿಗೆ ತಿಳಿದಿದ್ದರೆ ಸಾಕು.

ಮೂರನೆಯ ಹಂತ: ಉಳಿಕೆಯನ್ನು ಏನು ಮಾಡುವುದು?

ನಮ್ಮ ಲೋಕದಲ್ಲಿ ಇದಕ್ಕೆ ಕೊಟ್ಟಿರುವ ಉತ್ತರಗಳನ್ನು ನೋಡುವುದು ಒಳ್ಳೆಯದು. ಹಿಜರಿ ಪಂಚಾಂಗ ಉಳಿಕೆಯನ್ನು ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ. ಅದರ ವರ್ಷ 354 ಅಥವಾ 355 ದಿನದ್ದಾದ್ದರಿಂದ, ನಮ್ಮ ಹಳ್ಳಿಗಳಲ್ಲಿ ಬಾಬಯ್ಯನ ಹಬ್ಬವೆಂದು ಕರೆಯುವ ಮೊಹರಂ ಒಮ್ಮೆ ಬೇಸಿಗೆಯಲ್ಲಿ ಬಂದರೆ ಕೆಲವು ವರ್ಷಗಳ ನಂತರ ಚಳಿಗಾಲದಲ್ಲಿ ಬಂದು, ಸುಮಾರು 33 ವರ್ಷಕ್ಕೆ ಎಲ್ಲ ಋತುಗಳನ್ನೂ ಸುತ್ತಿ ಬರುತ್ತದೆ. ಪ್ರಾಚೀನ ಈಜಿಪ್ಟಿನವರು ಚಂದ್ರನನ್ನೂ ಬಿಟ್ಟು, ಕಾಲು ದಿನವನ್ನೂ ಬಿಟ್ಟು, 365 ದಿನಕ್ಕೇ ಅಂಟಿಕೊಂಡರು. ಅವರ ವರ್ಷ ನಾಲ್ಕು ವರ್ಷಕ್ಕೊಂದು ದಿನ ಋತುಗಳಿಂದ ಜಾರುತ್ತ ಹೋಯಿತು. ಗ್ರೆಗೋರಿಯನ್ ಪಂಚಾಂಗ ತಿಂಗಳಿನ ಹೆಸರನ್ನು ಉಳಿಸಿಕೊಂಡು ಚಂದ್ರನ ಸಂಗ ಬಿಟ್ಟಿತು, 400 ವರ್ಷಗಳಲ್ಲಿ 97 ಅಧಿಕ ದಿನಗಳನ್ನು ಸೇರಿಸಿ ಸೂರ್ಯನನ್ನು ಹಿಡಿದುಕೊಂಡಿತು. ನಮ್ಮ ಚಾಂದ್ರಮಾನ ಪಂಚಾಂಗ ಇಬ್ಬರನ್ನೂ ಬಿಡದೆ, ಯಾವ ಚಾಂದ್ರಮಾಸದಲ್ಲಿ ಸೂರ್ಯ ಹೊಸ ರಾಶಿಯನ್ನು ಪ್ರವೇಶಿಸುವುದಿಲ್ಲವೋ, ಎಂದರೆ ಸಂಕ್ರಾಂತಿ ಬೀಳುವುದಿಲ್ಲವೋ, ಅದನ್ನು ಅಧಿಕಮಾಸವೆಂದು ಎಣಿಸುತ್ತದೆ. 19 ವರ್ಷಗಳಲ್ಲಿ ಹೆಚ್ಚುಕಡಿಮೆ 7 ಅಧಿಕಮಾಸಗಳು ಬಂದು 235 ಚಾಂದ್ರಮಾಸಗಳಿಗೆ ಲೆಕ್ಕ ಕೂಡುತ್ತದೆ.

ನನಗೆ ಈ ಕೊನೆಯ ದಾರಿಯೇ ಹೆಚ್ಚು ಇಷ್ಟ, ಏಕೆಂದರೆ ಅಲ್ಲಿ ಕಾಲಕ್ಕೆ ತೇಪೆ ಹಾಕಿದ್ದು ಎಲ್ಲರಿಗೂ ಕಾಣುತ್ತದೆ. ಏಳ್ಕೆರೆಯಲ್ಲಿ ಬೆಳ್ಳನ ಹನ್ನೆರಡು ತಿಂಗಳೆಂದರೆ 340.8 ದಿನ, ವರ್ಷಕ್ಕೆ ಉಳಿಯುವುದು 1.6 ದಿನ ಮಾತ್ರ. ಈ ಉಳಿಕೆ ಒಂದು ತಿಂಗಳಾಗಿ ಬೆಳೆಯಲು 17.75 ವರ್ಷ ಬೇಕು. ಹದಿನೇಳನೆಯ ವರ್ಷದ ಕೊನೆಗೆ 27.2 ದಿನ ಸೇರಿರುತ್ತದೆ, ಇನ್ನೂ ಸಾಲದು. ಹದಿನೆಂಟನೆಯ ವರ್ಷದ ಕೊನೆಗೆ 28.8 ಆದಾಗ ಒಂದು ಅಧಿಕಮಾಸ ಸೇರಿಸಿ 0.4 ದಿನವನ್ನು ಮುಂದಕ್ಕೆ ಒಯ್ಯುತ್ತಾರೆ. ಹೀಗೆ 18, 36, 54 ಮತ್ತು 71ನೆಯ ವರ್ಷಗಳ ಕೊನೆಗೆ ಅಧಿಕಮಾಸ ಬಿದ್ದು, 71 ವರ್ಷಕ್ಕೆ 856 ತಿಂಗಳಾಗಿ ಉಳಿಕೆ ಸೊನ್ನೆಗೆ ಬರುತ್ತದೆ. ನಮ್ಮಲ್ಲಿ ಎರಡೂವರೆ ಮೂರು ವರ್ಷಕ್ಕೊಮ್ಮೆ ಬಂದು ಹೋಗುವ ಅಧಿಕಮಾಸ ಅಲ್ಲಿ ತಲೆಮಾರಿಗೊಮ್ಮೆ ಬರುತ್ತದೆ. ಅದನ್ನು ಮೂರು ಸಲ ಕಂಡವರು ಊರಿನ ಹಿರಿಯರು, ನಾಲ್ಕು ಸಲ ಕಂಡವರು ಬೆರಳೆಣಿಕೆಯಷ್ಟು. ಹಿಂದಿನ ಸಲ ಏನೇನು ಮಾಡಿದ್ದೆವು ಎಂಬುದು ನೆನಪಿರುವವರೇ ಕಡಿಮೆಯಾದ್ದರಿಂದ ವಿಧಿಗಳ ಬಗ್ಗೆ ತಕರಾರು ಏಳುವುದು ಸಹಜ. ಅಂಕಿ ಆರಿಸುವಾಗ ಉಳಿಕೆಯ ಗಾತ್ರಕ್ಕೆ ಇಷ್ಟು ಗಮನ ಕೊಡಿ: ಉಳಿಕೆ ದೊಡ್ಡದಾದರೆ ಅಧಿಕಮಾಸ ದಿನಬಳಕೆಯ ವಿಷಯವಾಗುತ್ತದೆ, ಚಿಕ್ಕದಾದರೆ ದಂತಕಥೆಯಾಗುತ್ತದೆ.

ನಾಲ್ಕನೆಯ ಹಂತ: ತಿಂಗಳ ಒಳಗೆ

28.4 ದಿನದ ತಿಂಗಳನ್ನು ಇಡೀ ದಿನಗಳಲ್ಲಿ ಎಣಿಸಬೇಕಾದರೆ ಐದು ತಿಂಗಳ ಮಾದರಿಯೊಂದು ಸಾಕು: 28, 28, 29, 28, 29. ಒಟ್ಟು 142 ದಿನ, ಎಂದರೆ ಐದು ಸಲ 28.4. ಐದರ ಮಾದರಿ ಹನ್ನೆರಡರ ವರ್ಷಕ್ಕೆ ಹೊಂದದಿರುವುದರಿಂದ ಈ ವರ್ಷ 28 ದಿನವಿದ್ದ ತಿಂಗಳು ಬರುವ ವರ್ಷ 29 ಆಗಬಹುದು. ಹಾಗಾಗಿ ಮನೆಯಲ್ಲೊಂದು ಪಂಚಾಂಗ ಇರಲೇಬೇಕಾಗುತ್ತದೆ, ಪಂಚಾಂಗ ಬರೆಯುವವನ ಹೊಟ್ಟೆಯೂ ತುಂಬುತ್ತದೆ.

ಶುಕ್ಲಪಕ್ಷ, ಕೃಷ್ಣಪಕ್ಷಗಳನ್ನು ಹಾಗೆಯೇ ಎತ್ತಿಕೊಂಡು ಬಂದು ಹೊಸ ಹೆಸರಿಡುವುದು ಸುಲಭವಾದರೂ, ಏಳ್ಕೆರೆಯವರು ಹುಳು ಸಾಕುವವರೆಂಬುದನ್ನು ಮರೆಯಬಾರದು. ಅವರ ತಿಂಗಳು ಬೆಳ್ಳನ ಹುಣ್ಣಿಮೆಯಂದು ಮರಿಹುಳುವನ್ನು ಸೊಪ್ಪಿಗೆ ಬಿಡುವುದರಿಂದ ಆರಂಭವಾಗುತ್ತದೆ. ಮೊದಲ ಪ್ರಾಯಕ್ಕೆ ನಾಲ್ಕು ದಿನ, ಒಂದು ದಿನ ಜ್ವರ; ಎರಡನೆಯದಕ್ಕೆ ಮೂರು ದಿನ, ಒಂದು ಜ್ವರ; ಮೂರನೆಯದಕ್ಕೂ ನಾಲ್ಕನೆಯದಕ್ಕೂ ನಾಲ್ಕು ನಾಲ್ಕು ದಿನ, ಒಂದೊಂದು ಜ್ವರ; ಐದನೆಯದಕ್ಕೆ ಏಳು ದಿನ; ಉಳಿದ ಎರಡು ದಿನ ಗೂಡಿನವು, 29ರ ತಿಂಗಳಾದರೆ ಮೂರು. ನಾಲ್ಕು ಜ್ವರದ ದಿನಗಳಲ್ಲಿ ಹುಳು ತಿನ್ನುವುದಿಲ್ಲ, ಸೊಪ್ಪು ಕೊಯ್ಯುವ ಕೆಲಸವಿಲ್ಲ. ನ್ಯಾಯಪಂಚಾಯಿತಿ, ಹೆಣ್ಣು ನೋಡುವ ಶಾಸ್ತ್ರ, ಸಾಲ ವಸೂಲಿ ಎಲ್ಲವೂ ಅಂದೇ. ಐದನೆಯ ಪ್ರಾಯದ ಏಳು ದಿನಗಳಲ್ಲಿ ಯುದ್ಧ ಸಾರಿದರೂ ಯಾರೂ ಬರುವುದಿಲ್ಲ. ‘ನಾಲ್ಕನೇ ಜ್ವರದ ರಾತ್ರಿ’ ಎಂದು ನಿಮ್ಮ ಪಾತ್ರವೊಂದು ಹೇಳಿದರೆ ಅದು ತಿಂಗಳ 19ನೆಯ ದಿನವೆಂದು ನಿಮಗೆ ಗೊತ್ತು. ಬೆಳ್ಳ ಹುಣ್ಣಿಮೆಯಿಂದ 18 ದಿನ ದಾಟಿ, ಅಮಾವಾಸ್ಯೆ ಕಳೆದು, ನಾಲ್ಕು ದಿನದ ಎಳೆಯ ಬಿಂಬವಾಗಿ ಪಡುವಣದಲ್ಲಿ ಮುಳುಗುತ್ತಿರುತ್ತಾನೆ ಎಂಬುದೂ ಗೊತ್ತು.

ಐದನೆಯ ಹಂತ: ಎರಡನೆಯ ಚಂದ್ರನ ನೊಗ

ಎರಡು ಚಂದ್ರರನ್ನು ಆಕಾಶಕ್ಕೆ ಹಚ್ಚಿ, ಆಮೇಲೆ ಅವರನ್ನು ಮರೆತುಬಿಡುವ ಲೇಖಕರನ್ನು ನಾನು ಬಹಳ ಕಂಡಿದ್ದೇನೆ. ಎರಡನೆಯವನು ಇರುವುದೇ ಮೊದಲನೆಯವನೊಂದಿಗೆ ಕೂಡಿ ಬೀಳುವುದಕ್ಕಾಗಿ, ತಪ್ಪಿ ಬೀಳುವುದಕ್ಕಾಗಿ. ಬೆಳ್ಳ, ಕೆಂಚ ಇಬ್ಬರಿಗೂ ಒಂದೇ ರಾತ್ರಿ ಹುಣ್ಣಿಮೆಯಾದರೆ ಏಳ್ಕೆರೆಯವರು ನೊಗ ಕೂಡಿತು ಎನ್ನುತ್ತಾರೆ. ಬೆಳ್ಳನ ಮೂರು ತಿಂಗಳಿಗೆ 85.2 ದಿನ, ಕೆಂಚನ ನಾಲ್ಕು ತಿಂಗಳಿಗೆ 84.8 ದಿನ, ವ್ಯತ್ಯಾಸ 0.4 ದಿನ. ಆದ್ದರಿಂದ ಒಮ್ಮೆ ಬಿಗಿಯಾಗಿ ಕೂಡಿದ ನೊಗ ಮೂರು ತಿಂಗಳ ನಂತರ ಮತ್ತೆ ಕೂಡುತ್ತದೆ, ಆದರೆ ಕೆಂಚ ಸುಮಾರು ಹತ್ತು ಗಂಟೆ ಮೊದಲೇ ತುಂಬಿಬಿಟ್ಟಿರುತ್ತಾನೆ. ಮತ್ತೆ ಮೂರು ತಿಂಗಳಿಗೆ ಇಪ್ಪತ್ತು ಗಂಟೆ. ಎಂಟನೆಯ ಸಲಕ್ಕೆ 3.2 ದಿನದ ಅಂತರವಾಗಿ, ಬೆಳ್ಳ ತುಂಬಿದ ರಾತ್ರಿ ಕೆಂಚನ ಒಂದು ಬದಿ ಸವೆದಿರುವುದು ಬರಿಗಣ್ಣಿಗೇ ಕಾಣುತ್ತದೆ.

ಮುಂದಿನದನ್ನು ಕಾಗದದ ಮೇಲೆ ಒಮ್ಮೆ ಎಣಿಸಿ ನೋಡದೆ ಊಹಿಸುವುದು ಕಷ್ಟ. ಇಪ್ಪತ್ತನಾಲ್ಕನೆಯ ತಿಂಗಳ ಆ ಸಡಿಲ ನೊಗದ ನಂತರ ಮುಂದಿನ ಹತ್ತಿರದ ನೊಗ ಮೂರು ತಿಂಗಳಿಗಲ್ಲ, ಎರಡೇ ತಿಂಗಳಿಗೆ, ಇಪ್ಪತ್ತಾರನೆಯ ತಿಂಗಳಿಗೆ ಬೀಳುತ್ತದೆ; ಈ ಸಲ ಕೆಂಚ 3.6 ದಿನ ತಡ. ಅಲ್ಲಿಂದ ಒಂಬತ್ತು ಸಲ ಮೂರು ಮೂರು ತಿಂಗಳಿಗೆ ನೊಗ ಬಿಗಿಯುತ್ತ ಹೋಗಿ 53ನೆಯ ತಿಂಗಳಿಗೆ ಇಬ್ಬರೂ ನಿಖರವಾಗಿ ಕೂಡುತ್ತಾರೆ. ಬೆಳ್ಳನ 53, ಕೆಂಚನ 71, ಎರಡಕ್ಕೂ 1505.2 ದಿನ, ಸುಮಾರು 4.4 ವರ್ಷ. ಅಧಿಕಮಾಸದ ಚಕ್ರದಲ್ಲೂ 71, ಇಲ್ಲೂ 71 ಬಂದದ್ದು ಕೇವಲ ಅಂಕಿಗಳ ಚೇಷ್ಟೆಯಾದರೂ, ಏಳ್ಕೆರೆಯ ಜೋಯಿಸರು ಅದನ್ನು ಚೇಷ್ಟೆಯೆಂದು ಒಪ್ಪುತ್ತಾರೆಯೇ? ಆ ಸಂಖ್ಯೆಯ ಸುತ್ತ ಒಂದು ಮಠವೇ ಹುಟ್ಟಿರುತ್ತದೆ.

ಈ ಎರಡು ತಿಂಗಳ ಎಡವು ನನ್ನ ದೃಷ್ಟಿಯಲ್ಲಿ ಇಡೀ ಪಂಚಾಂಗದ ಅತ್ಯಂತ ಬೆಲೆಬಾಳುವ ಭಾಗ. ನೊಗದ ರಾತ್ರಿ ಜಾತ್ರೆ ನಡೆಯಬೇಕೆಂಬ ನಿಯಮವಿದ್ದರೆ, ಇಪ್ಪತ್ತನಾಲ್ಕನೆಯ ತಿಂಗಳ ಸವೆದ ಕೆಂಚನನ್ನು ನೊಗವೆಂದು ಒಪ್ಪಬೇಕೆ, ಎರಡು ತಿಂಗಳು ಕಾದು ಇನ್ನೂ ತುಂಬದ ಕೆಂಚನನ್ನು ಒಪ್ಪಬೇಕೆ ಎಂಬುದರ ಮೇಲೆ ಎರಡು ಕೆರೆಗಳ ಜನ ಎರಡು ಜಾತ್ರೆ ಮಾಡುತ್ತಾರೆ. ನಮ್ಮಲ್ಲೂ ಒಂದೇ ಹಬ್ಬಕ್ಕೆ ಎರಡು ಪಂಚಾಂಗ ಎರಡು ದಿನ ಹೇಳಿ ಮನೆಮನೆಯಲ್ಲಿ ಚರ್ಚೆಯಾಗುವುದುಂಟು. ತಿಥಿಯೆಂದರೆ ಸೂರ್ಯಚಂದ್ರರ ನಡುವಿನ ಅಂತರ 12 ಡಿಗ್ರಿ ಬೆಳೆಯುವ ಅವಧಿಯಾದ್ದರಿಂದ ಅದು ಒಮ್ಮೆ ಎರಡು ಸೂರ್ಯೋದಯಗಳನ್ನು ಮುಟ್ಟುತ್ತದೆ, ಒಮ್ಮೆ ಒಂದನ್ನೂ ಮುಟ್ಟದೆ ಕಳೆದುಹೋಗುತ್ತದೆ.

ಆರನೆಯ ಹಂತ: ವಾರ ಮತ್ತು ದಿನ

ವಾರಕ್ಕೆ ಆಕಾಶದ ಹಂಗಿಲ್ಲ. ಅದು ಸಂತೆಯ ಮಗು. ಏಳ್ಕೆರೆಯಲ್ಲಿ ಆರು ದಿನದ ವಾರ. ಏಳು ಕೆರೆಗಳಲ್ಲಿ ಆರರ ಏರಿಗಳ ಮೇಲೆ ದಿನಕ್ಕೊಂದರಂತೆ ಸಂತೆ ಕೂಡುತ್ತದೆ, ದಿನಕ್ಕೆ ಆ ಕೆರೆಯದೇ ಹೆಸರು. ಏಳನೆಯ ಕೆರೆಗೆ ಯಾಕೆ ಸಂತೆಯಿಲ್ಲ ಎಂಬುದು ನಿಮ್ಮ ಕಥೆಗೆ ಬಿಟ್ಟದ್ದು. ನೆನಪಿಡಬೇಕಾದ ನಿಯಮ ಒಂದೇ: ತಿಂಗಳು, ವರ್ಷ, ದೊರೆ ಏನೇ ಬದಲಾದರೂ ವಾರದ ಸರಪಳಿ ತುಂಡಾಗುವುದಿಲ್ಲ. 1582ರಲ್ಲಿ ಗ್ರೆಗೋರಿಯನ್ ಪದ್ಧತಿ ಬಂದಾಗ ಅಕ್ಟೋಬರ್ 4ರ ಮರುದಿನ ಅಕ್ಟೋಬರ್ 15 ಎಂದಾಯಿತು, ಆದರೆ ಗುರುವಾರದ ಮರುದಿನ ಶುಕ್ರವಾರವೇ ಬಂತು. ವಾರಕ್ಕೆ ಕೈ ಹಾಕಿದ ಸುಧಾರಕರು ಸೋತಿದ್ದಾರೆ: ಫ್ರೆಂಚ್ ಕ್ರಾಂತಿಕಾರರು 1793ರಲ್ಲಿ ತಂದ ಹತ್ತು ದಿನದ ವಾರ ಜನಕ್ಕೆ ಒಗ್ಗಲಿಲ್ಲ, ಅವರ ಪಂಚಾಂಗವೇ 1806ರ ಜನವರಿ 1ರಿಂದ ರದ್ದಾಯಿತು, ಸೋವಿಯತ್ ಒಕ್ಕೂಟ 1929ರಲ್ಲಿ ಐದು ದಿನದ, ಬಳಿಕ ಆರು ದಿನದ ಸರದಿ ಮಾಡಿ 1940ರಲ್ಲಿ ಏಳಕ್ಕೇ ಮರಳಿತು.

ದಿನ ಯಾವಾಗ ಆರಂಭವಾಗುತ್ತದೆ ಎಂಬುದನ್ನೂ ತೀರ್ಮಾನಿಸಿ. ನಮ್ಮ ಪಂಚಾಂಗಕ್ಕೆ ಸೂರ್ಯೋದಯ, ಹಿಜರಿಗೆ ಸೂರ್ಯಾಸ್ತ, ಕಚೇರಿಗೆ ನಡುರಾತ್ರಿ. ದಿನದ ಒಳಗಿನ ಅಳತೆಗೆ ಗಂಟೆ ಬೇಡವೆನಿಸಿದರೆ ನಮ್ಮ ಜಾವ, ಗಳಿಗೆಗಳ ಮಾದರಿ ಕೈಯಲ್ಲೇ ಇದೆ: ದಿನಕ್ಕೆ 60 ಗಳಿಗೆ, ಗಳಿಗೆಗೆ 24 ನಿಮಿಷ.

ಏಳನೆಯ ಹಂತ: ಮಳೆಯ ಲೆಕ್ಕ

ತುಮಕೂರು ಸೀಮೆಯ ರೈತರು ಹಬ್ಬವನ್ನು ತಿಥಿಯಿಂದಲೂ ಬಿತ್ತನೆಯನ್ನು ಮಳೆ ನಕ್ಷತ್ರದಿಂದಲೂ ಎಣಿಸುತ್ತಾರೆ. ಸಿದ್ಧಗಂಗೆಯ ಜಾತ್ರೆ ಶಿವರಾತ್ರಿಯನ್ನು ಹಿಡಿದು ಪ್ರತಿವರ್ಷ ಇಂಗ್ಲಿಷ್ ತಾರೀಖಿನಲ್ಲಿ ಹಿಂದುಮುಂದಾಗುತ್ತದೆ. ಆದರೆ ಆರಿದ್ರಾ ಮಳೆ ಪ್ರತಿವರ್ಷ ಜೂನ್ 22ರ ಆಸುಪಾಸಿನಲ್ಲೇ ಹುಟ್ಟುತ್ತದೆ, ಏಕೆಂದರೆ ಮಳೆ ನಕ್ಷತ್ರವೆಂದರೆ ಸೂರ್ಯ ಆ ನಕ್ಷತ್ರದಲ್ಲಿರುವ ಹದಿಮೂರು ಹದಿನಾಲ್ಕು ದಿನ. ‘ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ’, ‘ಕುರುಡು ಚಿತ್ತೆ ಎರಚಿದತ್ತ ಬೆಳೆ’ ಎಂಬ ಗಾದೆಗಳು ಹೀಗೆ ಸೌರಮಾನದ ಗಾದೆಗಳು. ಒಂದೇ ಮನೆಯಲ್ಲಿ ಒಂದೇ ಪುಸ್ತಕದೊಳಗೆ ಎರಡು ಎಣಿಕೆಗಳು ಜಗಳವಿಲ್ಲದೆ ಬಾಳುತ್ತಿವೆ.

ಏಳ್ಕೆರೆಯವರು ಸೂರ್ಯನ ವರ್ಷವನ್ನು ಹದಿನಾರು ಹದಗಳಾಗಿ ಮಾಡಿದ್ದಾರೆ, ಹದವೊಂದಕ್ಕೆ 21.4 ದಿನ. ಕೆಂಚನ ತಿಂಗಳು 21.2 ದಿನ. ಈ ಎರಡು ಅಂಕಿಗಳು ಇಷ್ಟು ಹತ್ತಿರವಿರುವುದು ಮೋಸದ ಬಲೆ: ಕೆಂಚನೇ ಮಳೆ ತರುವವನೆಂದು ನಂಬಿದ ಒಕ್ಕಲುಗಳು ಅವನ ಹದಿನಾರು ಹುಣ್ಣಿಮೆಗಳನ್ನೇ ವರ್ಷವೆಂದು ಹಿಡಿದರೆ ಅವರ ವರ್ಷ 339.2 ದಿನಕ್ಕೆ ಮುಗಿಯುತ್ತದೆ, ಪ್ರತಿವರ್ಷ 3.2 ದಿನ ಮೊದಲೇ ಬಿತ್ತುತ್ತಾರೆ, ಆರೂವರೆ ವರ್ಷದಲ್ಲಿ ಇಡೀ ಒಂದು ಹದ ತಪ್ಪಿ ಒಣನೆಲಕ್ಕೆ ಬೀಜ ಹಾಕುತ್ತಾರೆ. ಮೊದಲೆರಡು ವರ್ಷ ಯಾರಿಗೂ ವ್ಯತ್ಯಾಸ ತಿಳಿಯದಿರುವುದರಿಂದ ಆ ನಂಬಿಕೆ ಗಟ್ಟಿಯಾಗುವುದಕ್ಕೆ ಸಮಯ ಸಿಗುತ್ತದೆ.

ಎಂಟನೆಯ ಹಂತ: ಹೆಸರು, ಶಕೆ, ಶಾಸನ

ಹೆಸರುಗಳ ಸರದಿ ಈಗ ಬಂತು. ಕೆಲಸದಿಂದ, ಕಾಣುವುದರಿಂದ ಹುಟ್ಟಿದ ಹೆಸರು ನಿಲ್ಲುತ್ತದೆ. ಚೈತ್ರ, ವೈಶಾಖ, ಕಾರ್ತಿಕಗಳು ಹುಣ್ಣಿಮೆಯ ಚಂದ್ರನ ಬಳಿಯಿರುವ ಚಿತ್ತಾ, ವಿಶಾಖಾ, ಕೃತ್ತಿಕಾ ನಕ್ಷತ್ರಗಳಿಂದ ಬಂದವು. ಒಂದೆರಡು ಹೆಸರು ಅರ್ಥ ಕಳೆದುಕೊಂಡಿರಲಿ. ಲ್ಯಾಟಿನ್ನಿನ ಏಳು ಎಂಬ ಪದದಿಂದ ಬಂದ ಸೆಪ್ಟೆಂಬರ್ ಈಗ ಒಂಬತ್ತನೆಯ ತಿಂಗಳು, ಯಾರೂ ಕೇಳುವುದಿಲ್ಲ. ಏಳ್ಕೆರೆಯಲ್ಲಿ ‘ತೂಬೆತ್ತು’ ಎಂಬ ತಿಂಗಳಲ್ಲಿ ಈಗ ತೂಬು ಎತ್ತುವುದಿಲ್ಲ, ಮುಚ್ಚುತ್ತಾರೆ.

ವರ್ಷ ಎಣಿಸಲು ನಮ್ಮ ಶಾಸನಗಳ ಕ್ರಮ ಒಳ್ಳೆಯ ಪಾಠ. ಬಿ.ಎಲ್. ರೈಸ್ ಸಂಪಾದಿಸಿದ ಶಾಸನಗಳ ಸಂಪುಟಮಾಲೆ ಎಪಿಗ್ರಾಫಿಯಾ ಕರ್ನಾಟಿಕದಲ್ಲಿ ಕೋಲಾರಕ್ಕೆ 10ನೆಯ ಸಂಪುಟ, ತುಮಕೂರಿಗೆ 12ನೆಯ ಸಂಪುಟ ಮೀಸಲು. ಅವುಗಳನ್ನು ತಿರುವಿದರೆ ಶಕವರ್ಷ, ಸಂವತ್ಸರದ ಹೆಸರು, ಮಾಸ, ಪಕ್ಷ, ತಿಥಿ, ವಾರ ಎಲ್ಲವನ್ನೂ ಒಟ್ಟಿಗೆ ಹೇಳುವ ಕಲ್ಲುಗಳು ಸಿಗುತ್ತವೆ. ಅಷ್ಟೂ ಯಾಕೆ ಬೇಕೆಂದರೆ, ಸಂವತ್ಸರದ ಹೆಸರೊಂದನ್ನೇ ಹೇಳಿದರೆ ಅದು 60 ವರ್ಷಕ್ಕೊಮ್ಮೆ ಮರಳುತ್ತದೆ: 1927ರ ಯುಗಾದಿಗೂ ಪ್ರಭವ, 1987ರ ಯುಗಾದಿಗೂ ಪ್ರಭವ. ಇನ್ನೊಂದು ಉಪಯೋಗವೂ ಇದೆ. ಶಾಸನದಲ್ಲಿ ಹೇಳಿದ ತಿಥಿಗೂ ವಾರಕ್ಕೂ ತಾಳೆಯಾಗದಿದ್ದರೆ ವಿದ್ವಾಂಸರು ಕಲ್ಲಿನ ಬಗ್ಗೆಯೇ ಅನುಮಾನಪಡುತ್ತಾರೆ. ನಿಮ್ಮ ಕಥೆಯಲ್ಲಿ ಖೋಟಾ ದಾನಪತ್ರವೊಂದನ್ನು ಹಿಡಿಯಲು ಇದಕ್ಕಿಂತ ಚೊಕ್ಕವಾದ ಉಪಾಯ ಬೇರೆ ಬೇಕಿಲ್ಲ. ಏಳ್ಕೆರೆಯಲ್ಲಿ ಏಳೂ ಕೆರೆ ಒಂದೇ ಮಳೆಗೆ ಕೋಡಿ ಬಿದ್ದ ವರ್ಷದಿಂದ ಕೋಡಿಶಕೆ.

ಒಂಬತ್ತನೆಯ ಹಂತ: ಒಂದಕ್ಕಿಂತ ಹೆಚ್ಚು ಪಂಚಾಂಗಗಳು

ಒಂದು ಲೋಕಕ್ಕೆ ಒಂದೇ ಪಂಚಾಂಗವಿದ್ದರೆ ಅದು ಸುಳ್ಳೆಂದು ತಕ್ಷಣ ತಿಳಿಯುತ್ತದೆ. ಕೋಲಾರ ಜಿಲ್ಲೆಯೊಂದರಲ್ಲೇ ಕನ್ನಡ, ತೆಲುಗು ಮನೆಗಳಿಗೆ ಚಾಂದ್ರಮಾನ ಯುಗಾದಿ, ತಮಿಳು ಮನೆಗಳಿಗೆ ಏಪ್ರಿಲ್ ನಡುವಿನ ಸೌರಮಾನದ ಹೊಸವರ್ಷ, ಮುಸ್ಲಿಮರಿಗೆ ಹಿಜರಿ, ಚರ್ಚಿಗೆ ಇನ್ನೊಂದು. ಚಿನ್ನದ ಗಣಿಯ ಊರಿನಲ್ಲಿ ಇವೆಲ್ಲದರ ಮೇಲೆ ಪಾಳಿಯ ಲೆಕ್ಕವೂ ಇತ್ತು. 1902ರಲ್ಲೇ ಶಿವನಸಮುದ್ರದಿಂದ ವಿದ್ಯುತ್ ಕಂಡ ಆ ಗಣಿಗಳು ಮೂರು ಕಿಲೋಮೀಟರಿಗೂ ಆಳಕ್ಕೆ ಇಳಿದಿದ್ದವು, 2001ರಲ್ಲಿ ಮುಚ್ಚಿದವು. ಅಷ್ಟು ಆಳದಲ್ಲಿ ಸೂರ್ಯನೂ ಇಲ್ಲ, ಚಂದ್ರನೂ ಇಲ್ಲ. ನಿಮ್ಮ ಲೋಕದಲ್ಲಿ ನೆಲದಡಿಯ ಜನರಿದ್ದರೆ ಅವರಿಗೆ ಹುಣ್ಣಿಮೆಯ ಹಬ್ಬ ಕೊಡಬೇಡಿ. ಪಾಳಿ ಕೊಡಿ, ಪಾಳಿಗೊಂದು ಹೆಸರು ಕೊಡಿ.

ಹೊಸ ಪಂಚಾಂಗವನ್ನು ದೊರೆಯೇ ಹೇರುವ ಕಥೆಗೆ ದೂರ ಹೋಗಬೇಕಾಗಿಲ್ಲ. ನಂದಿಬೆಟ್ಟದಿಂದ ಕಾಣುವಷ್ಟು ಹತ್ತಿರದ ದೇವನಹಳ್ಳಿಯಲ್ಲಿ ಹುಟ್ಟಿದ ಟಿಪ್ಪು ಸುಲ್ತಾನ್ 1780ರ ದಶಕದಲ್ಲಿ ಮೌಲೂದಿ ಎಂಬ ಹೊಸ ಶಕೆಯನ್ನು ತಂದು, ತಿಂಗಳುಗಳಿಗೂ ಅರವತ್ತು ಸಂವತ್ಸರಗಳಿಗೂ ಹೊಸ ಹೆಸರಿಟ್ಟು, ನಾಣ್ಯಗಳ ಮೇಲೆ ವರ್ಷದ ಅಂಕಿಗಳನ್ನು ಬಲದಿಂದ ಎಡಕ್ಕೆ ಬರೆಸಿದನು. ಹೆಸರುಗಳ ಅಡಿಯಲ್ಲಿದ್ದ ಲೆಕ್ಕ ಮಾತ್ರ ಇಲ್ಲಿನ ಅಧಿಕಮಾಸದ ಚಾಂದ್ರ-ಸೌರ ಲೆಕ್ಕವೇ. ಆಳುವವರು ಹೆಸರು ಬದಲಿಸಬಲ್ಲರು, ಒಕ್ಕಲಿನ ಎಣಿಕೆಯನ್ನು ಬದಲಿಸುವುದು ಕಷ್ಟ ಎಂಬುದನ್ನು ನಿಮ್ಮ ಸಾಮ್ರಾಟರಿಗೂ ಅನ್ವಯಿಸಿ.

ಹತ್ತನೆಯ ಹಂತ: ಅಹರ್ಗಣದ ಹಾಳೆ

ನಮ್ಮ ಜ್ಯೋತಿಷಿಗಳು ಒಂದು ಮೂಲದಿನದಿಂದ ಕಳೆದ ಒಟ್ಟು ದಿನಗಳನ್ನು ಅಹರ್ಗಣವೆನ್ನುತ್ತಾರೆ. ನಿಮ್ಮ ಪಂಚಾಂಗದ ಬೆನ್ನೆಲುಬೂ ಅದೇ ಆಗಲಿ. ಕೋಡಿಶಕೆಯ ಮೊದಲ ದಿನ ಇಬ್ಬರು ಚಂದ್ರರೂ ತುಂಬಿದ್ದರೆಂದು ಹಿಡಿದು ಅದನ್ನು ಸೊನ್ನೆಯೆಂದು ಕರೆಯಿರಿ. ಹಾಳೆಯ ಮೊದಲ ಕಂಬದಲ್ಲಿ ಅಹರ್ಗಣ ಬರೆಯಿರಿ. ಕಳೆದ ತಿಂಗಳುಗಳ ಸಂಖ್ಯೆಯನ್ನು 28.4ರಿಂದ ಗುಣಿಸಿ ದಶಾಂಶ ಬಿಟ್ಟರೆ ಹೊಸ ತಿಂಗಳ ಮೊದಲ ದಿನದ ಅಹರ್ಗಣ ಸಿಗುತ್ತದೆ, ಅಹರ್ಗಣವನ್ನು 6ರಿಂದ ಭಾಗಿಸಿ ಉಳಿದ ಶೇಷ ವಾರ, 21.2ರಿಂದ ಭಾಗಿಸಿ ಉಳಿದ ಶೇಷ ಹುಣ್ಣಿಮೆಯಿಂದ ಎಣಿಸಿದ ಕೆಂಚನ ವಯಸ್ಸು.

ಒಂದು ಲೆಕ್ಕ ಮಾಡಿ ನೋಡೋಣ. ಮೊದಲ ಅಧಿಕಮಾಸ ಕಳೆದು 19ನೆಯ ವರ್ಷ ಹುಟ್ಟುವ ದಿನ ಯಾವುದು? ಹದಿನೆಂಟು ವರ್ಷಕ್ಕೆ 216 ತಿಂಗಳು, ಅಧಿಕ ಒಂದು ಸೇರಿ 217. ಅದನ್ನು 28.4ರಿಂದ ಗುಣಿಸಿದರೆ 6162.8, ಅಹರ್ಗಣ 6162. ಆರರಿಂದ ಭಾಗಿಸಿದರೆ ಶೇಷ ಸೊನ್ನೆ, ಎಂದರೆ ಶಕೆ ಆರಂಭವಾದ ಸಂತೆಯ ದಿನವೇ ಮತ್ತೆ ಬಂದಿದೆ. 21.2ರಿಂದ ಭಾಗಿಸಿದರೆ 290 ಸುತ್ತು ಮುಗಿದು 14 ದಿನ ಉಳಿಯುತ್ತದೆ. ಕೆಂಚ ತನ್ನ ಅಮಾವಾಸ್ಯೆ ಕಳೆದು ಮೂರೂವರೆ ದಿನದ ಗೀರಾಗಿರುತ್ತಾನೆ. ಬೆಳ್ಳ ಸೂರ್ಯ ಮುಳುಗುವಾಗ ಮೂಡಣದಲ್ಲಿ ಏಳುತ್ತಾನೆ, ಅದೇ ಹೊತ್ತಿಗೆ ಕೆಂಚ ಪಡುವಣದಲ್ಲಿ ಇಳಿಯುತ್ತಿರುತ್ತಾನೆ. ತಲೆಮಾರಿಗೊಮ್ಮೆ ಬರುವ ಹೊಸವರ್ಷದಂದು ಎತ್ತುಗಳು ಆಕಾಶದ ಎರಡು ತುದಿಗಳಲ್ಲಿ ನಿಂತಿರುವುದು ಶುಭವೋ ಅಶುಭವೋ ಎಂಬ ಪ್ರಶ್ನೆ, ನಾನು ಹುಡುಕಿದ್ದಲ್ಲ, ಭಾಗಾಕಾರದಿಂದ ಬಂದದ್ದು.

ಬರೆಯುವಾಗ ಈ ಹಾಳೆಯನ್ನು ಪಕ್ಕದಲ್ಲಿಟ್ಟುಕೊಂಡು, ಪ್ರತಿ ಅಧ್ಯಾಯದ ತಲೆಯಲ್ಲಿ ಅಹರ್ಗಣವನ್ನು ಪೆನ್ಸಿಲಿನಲ್ಲಿ ಬರೆದುಕೊಳ್ಳಿ. ಅಚ್ಚಿಗೆ ಹೋಗುವಾಗ ಅಳಿಸಿ. ಪಾತ್ರಗಳ ಬಾಯಲ್ಲಿ ಪೂರ್ಣ ತಾರೀಖು ಬರುವುದು ಸಾಲಪತ್ರ, ಶಾಸನ, ಜಾತಕಗಳಲ್ಲಿ ಮಾತ್ರ. ಉಳಿದಂತೆ ಅವರು ‘ಹುಳು ಹಣ್ಣಾಗುವಷ್ಟರಲ್ಲಿ’, ‘ಹೋದ ಸಂತೆಗೆ’, ‘ನೊಗ ಸಡಿಲವಿದ್ದ ವರ್ಷ’ ಎನ್ನುತ್ತಾರೆ. ಅಧಿಕಮಾಸದಲ್ಲಿ ಹುಟ್ಟಿದ ಮಗುವೊಂದು ನಿಮ್ಮ ಕಥೆಯಲ್ಲಿದ್ದರೆ, ಅದರ ಹುಟ್ಟಿದ ತಿಂಗಳು ಮತ್ತೆ ಬರುವ ಹೊತ್ತಿಗೆ ಅದಕ್ಕೆ ಮದುವೆಯ ವಯಸ್ಸಾಗಿರುತ್ತದೆ. ಆ ಮಗುವಿನ ವಯಸ್ಸನ್ನು ಮನೆಯವರು ಯಾವ ತಿಂಗಳಿನಿಂದ ಎಣಿಸುತ್ತಾರೆಂಬುದನ್ನು ಮೊದಲ ಅಧ್ಯಾಯಕ್ಕೆ ಮುಂಚೆಯೇ ತೀರ್ಮಾನಿಸಿ ಹಾಳೆಯಲ್ಲಿ ಗುರುತು ಹಾಕಿಕೊಳ್ಳಿ.